ಮುಕ್ಕಾಲು ಮುನಿರಾಜು ಮತ್ತು ಕರೀ ರಾಣಿ

ಮುಚ್ಚಳ ತೆರೆದ ಕೂಡಲೇ ಕೀಲಿನ ಸಂದಿಯಿಂದ ಒಂದು ಒಣಗಿದ ಎಲೆಯ ಚೂರು ಮೇಜಿನ ಮೇಲೆ ಬಿತ್ತು. ಹಿಪ್ಪುನೇರಳೆ ಎಲೆ. ಎಷ್ಟೇ ಒಣಗಿ ಪುಡಿಯಾಗಿದ್ದರೂ ರೇಷ್ಮೆ ಸಾಕುವ ಮನೆಯಲ್ಲಿ ಬಾಳಿದವರಿಗೆ ಆ ಎಲೆಯ ಗುರುತು ತಪ್ಪುವುದಿಲ್ಲ. ಬೆರಳ ತುದಿಯಲ್ಲಿ ಎತ್ತಿ ಮೂಸಿ ನೋಡಿದೆ. ವಾಸನೆ ಏನೂ ಇರಲಿಲ್ಲ. ಇಷ್ಟು ವರ್ಷವಾದ ಮೇಲೂ ಇರುತ್ತದೆ ಎಂದುಕೊಂಡು ಮೂಸಿದ ನನ್ನನ್ನು ನಾನೇ ನೋಡಿ ನಗಬೇಕಾಯಿತು.

ಎಲೆ ಬಿದ್ದದ್ದು ಒಂದು ಆಟದ ಯಂತ್ರದಿಂದ. ಅಂಗೈಯಗಲದ್ದು, ಕನ್ನಡಕದ ಡಬ್ಬಿಯ ಹಾಗೆ ಮಡಚಿ ತೆರೆಯುವಂಥದು. ಅದನ್ನು ತಂದುಕೊಟ್ಟವಳು ಚೈತ್ರ, ನನ್ನ ನಾದಿನಿಯ ಮಗಳು. ಚಿಂತಾಮಣಿಯಲ್ಲಿ ಬ್ಯಾಂಕಿನ ಕೆಲಸದಲ್ಲಿದ್ದಾಳೆ, ಮನೆ ಬದಲಾಯಿಸುತ್ತಿದ್ದಳು. ಚಿಕ್ಕಬಳ್ಳಾಪುರದ ನಮ್ಮ ಮನೆಗೆ ಬಂದು, ಕಾಫಿ ಕುಡಿದು, ಹೊರಡುವಾಗ ಬ್ಯಾಗಿನಿಂದ ಅದನ್ನೂ ಅದರ ವೈರನ್ನೂ ತೆಗೆದಿಟ್ಟಳು. "ಅತ್ತೆ, ಅಟ್ಟದ ಮೇಲಿತ್ತು ಇದು. ಮುನಿರಾಜು ಮಾವ ಬಂದಾಗ ಕೊಟ್ಬಿಡಿ. ಅವ್ರು ಇದ್ರ ಮೇಲೆ ಜೀವಾನೇ ಇಟ್ಕೊಂಡಿದ್ರಲ್ಲ" ಅಂದಳು. ಅವಳು ಹೋದ ಮೇಲೆ ವೈರು ಸಿಕ್ಕಿಸಿದೆ. ಕೆಂಪು ದೀಪ ಹತ್ತಿತು. ಸತ್ತಿರುತ್ತದೆ ಎಂದುಕೊಂಡಿದ್ದೆ, ಸತ್ತಿರಲಿಲ್ಲ.

ಮುನಿರಾಜು ನನ್ನ ಮೈದುನ, ನನ್ನ ಗಂಡನ ತಮ್ಮ. ಅವನ ವಿಷಯ ಹೇಳಬೇಕಾದರೆ ಮೊದಲು ಶಿಡ್ಲಘಟ್ಟದ ಹತ್ತಿರದ ಆ ಮನೆಯ ವಿಷಯ ಹೇಳಬೇಕು, ಆ ಮನೆಯ ವಿಷಯ ಹೇಳಬೇಕಾದರೆ ನಾನು ಎಲ್ಲಿಂದ ಬಂದವಳು ಎನ್ನುವುದನ್ನು ಹೇಳಬೇಕು. ಹೀಗೆ ಹಿಂದೆ ಹಿಂದೆ ಹೋಗುವುದು ನನ್ನ ಚಾಳಿ. ಮಕ್ಕಳಿಗೆ ಪಾಠ ಮಾಡುವಾಗಲೂ ಹೀಗೇ ಆಗುತ್ತದೆ, ಗಂಟೆ ಹೊಡೆಯುವ ಹೊತ್ತಿಗೆ ನಾನಿನ್ನೂ ಪೀಠಿಕೆಯಲ್ಲೇ ಇರುತ್ತೇನೆ.

ನನ್ನ ತವರು ತೊಂಡೇಬಾವಿ. ಅಪ್ಪ ಗೌರಿಬಿದನೂರಿನಲ್ಲಿ ಗುಮಾಸ್ತರು, ರೈಲಿನಲ್ಲಿ ಹೋಗಿ ರೈಲಿನಲ್ಲಿ ಬರುವವರು. ಹಿಡಿದದ್ದನ್ನು ಬಿಡುವ ಜಾತಿಯಲ್ಲ. ಚೆನ್ನಾಗಿಲ್ಲದ ಪುಸ್ತಕವನ್ನೂ ಕೊನೆಯ ಪುಟದ ತನಕ ಓದಿ, ಆಮೇಲೆ ಚೆನ್ನಾಗಿಲ್ಲ ಅನ್ನುತ್ತಿದ್ದರು. ಆ ಮನೆಯಿಂದ ಮದುವೆಯಾಗಿ ನಾನು ಬಂದದ್ದು ರೇಷ್ಮೆ ಸಾಕುವ ಮನೆಗೆ. ಬಂದ ಮೇಲೆ ಗೊತ್ತಾಯಿತು, ಅಲ್ಲಿ ಗಡಿಯಾರ ಗೋಡೆಯ ಮೇಲೆ ಸುಮ್ಮನೆ ತೂಗಾಡುತ್ತದೆ ಅಷ್ಟೆ, ಹೊತ್ತನ್ನು ಹೇಳುವುದು ಹುಳ. ಹುಳಕ್ಕೆ ಹಸಿವಾದರೆ ಮನೆಯವರೆಲ್ಲ ಎದ್ದಿರಬೇಕು. ಹುಳ ಪೊರೆ ಬಿಡುವ ಮುಂಚೆ ಮೇವು ಬಿಟ್ಟು, ತಲೆ ಎತ್ತಿ, ಅಲ್ಲಾಡದೆ ಕೂತುಬಿಡುತ್ತದೆ. ಅದನ್ನು ಜ್ವರ ಅನ್ನುತ್ತಾರೆ. ಹುಳಕ್ಕೆ ಜ್ವರ ಬಂದಾಗ ಮಾತ್ರ ಮನೆಯವರಿಗೆ ಬಿಡುವು. ಮದುವೆಯಾದ ಹೊಸದರಲ್ಲಿ ಅತ್ತೆ ಪಕ್ಕದ ಮನೆಯವರಿಗೆ "ಎಲ್ಲಕ್ಕೂ ಜ್ವರ, ಇವತ್ತು ಆರಾಮಾಗಿದೀವಿ" ಎಂದು ಸಂತೋಷದಿಂದ ಹೇಳುವುದನ್ನು ಕೇಳಿ ಇದೆಂಥ ಮನೆಗೆ ಬಂದೆನಪ್ಪಾ ಎಂದುಕೊಂಡಿದ್ದೆ.

ಹುಳದ ಮನೆಗೆ ಹೋಗಬೇಕಾದರೆ ಕಾಲು ತೊಳೆಯಬೇಕು. ಅಗರಬತ್ತಿಯಾಗಲಿ ಸೆಂಟಾಗಲಿ ಹತ್ತಿರ ಸುಳಿಯುವ ಹಾಗಿಲ್ಲ. ಒಗ್ಗರಣೆ ಹಾಕಿದವರು ಸ್ನಾನ ಮಾಡದೆ ಹೊಸಿಲು ದಾಟುವಂತಿಲ್ಲ. ಎಲ್ಲಕ್ಕಿಂತ ದೊಡ್ಡ ಕಟ್ಟಳೆ ಹುಳ ಹಣ್ಣಾಗುವ ದಿನದ್ದು. ಹಣ್ಣಾಗುವುದೆಂದರೆ ಮೇವು ಸಾಕು ಎಂದು ಬಿಟ್ಟು, ಮೈ ತಿಳಿಯಾಗಿ, ಗೂಡು ಕಟ್ಟಲು ಜಾಗ ಹುಡುಕುವುದು. ಆವತ್ತು ಒಂದೊಂದೇ ಹುಳವನ್ನು ಆರಿಸಿ ಚಂದ್ರಿಕೆಗೆ ಬಿಡಬೇಕು. ಚಂದ್ರಿಕೆ ಎಂದರೆ ಬಿದಿರಿನ ಪಟ್ಟಿಯನ್ನು ಸುತ್ತುಸುತ್ತಾಗಿ ಕೂಡಿಸಿದ ದೊಡ್ಡ ತಟ್ಟಿ. ತಡಮಾಡಿದರೆ ಹುಳ ಸಿಕ್ಕಸಿಕ್ಕಲ್ಲಿ ನೂಲು ಬಿಟ್ಟು ಬೆಳೆ ಕೈತಪ್ಪುತ್ತದೆ. ಆ ದಿನ ನಮ್ಮ ಮನೆಯಿಂದ ಯಾರೂ ಎಲ್ಲಿಗೂ ಹೋಗುತ್ತಿರಲಿಲ್ಲ. ಜೀವದ ಗೆಳೆಯನ ಮದುವೆ ಇದ್ದರೂ ನಮ್ಮವರು ಹೋಗಲಿಲ್ಲ. ಅತ್ತೆ ಹೋಗಲು ಬಿಡಲಿಲ್ಲ ಎಂದರೆ ಸರಿಹೋದೀತು.

ಇಂಥ ಅತ್ತೆಯ ಕಿರಿಮಗ ಮುನಿರಾಜು. ಅವನಿಗೆ ಊರಿನಲ್ಲಿ ಮುಕ್ಕಾಲು ಮುನಿರಾಜು ಎಂದು ಹೆಸರು. ಹೆಸರಿಟ್ಟವರು ಬೇರೆ ಯಾರೂ ಅಲ್ಲ, ಹೆತ್ತ ತಾಯಿಯೇ. ಪಿಯುಸಿ ಓದಿ ಪರೀಕ್ಷೆಗೆ ಕೂರಲಿಲ್ಲ. ಟೆಂಪೋ ಓಡಿಸಲು ಕಲಿತ, ಮುಂದಕ್ಕೆ ಮಾತ್ರ. ರಿವರ್ಸ್ ಕಲಿಯುವ ಮೊದಲೇ ಬೇಜಾರಾಗಿ ಬಿಟ್ಟ. ಮನೆಗೆ ತಾನೇ ಕಾಂಪೌಂಡು ಕಟ್ಟುತ್ತೇನೆಂದು ಹೊರಟು ಮೂರು ಕಡೆ ಬಹಳ ಅಚ್ಚುಕಟ್ಟಾಗಿ ಕಟ್ಟಿದ. ನಾಲ್ಕನೇ ಕಡೆಯಿಂದ ಊರಿನ ಮೇಕೆಗಳು ಒಳಗೆ ಬಂದು, ಮೂರು ಕಡೆ ಗೋಡೆ ಇದ್ದ ಕಾರಣ ಹೊರಗೆ ಹೋಗುವ ದಾರಿ ಸಿಗದೆ ನಮ್ಮ ಅಂಗಳದಲ್ಲೇ ತಿರುಗಾಡುತ್ತಿದ್ದವು. ಸೋಮಾರಿ ಅಂತ ಯಾರೂ ಅನ್ನುವ ಹಾಗಿರಲಿಲ್ಲ, ಮೈಮುರಿದು ಕೆಲಸ ಮಾಡುತ್ತಿದ್ದ. ಕೊನೆ ಹತ್ತಿರವಾದಂತೆ ಅವನಿಗೆ ಏನೋ ಆಗುತ್ತಿತ್ತು. ಏನಾಗುತ್ತದೆ ಎಂದು ಒಮ್ಮೆ ಕೇಳಿದೆ. "ಮುಗಿಸ್ಬಿಟ್ರೆ ನೋಡೋಕೆ ಬರ್ತಾರೆ ಅತ್ತಿಗೆ. ನೋಡಿ ಏನಾದ್ರೂ ಅಂತಾರೆ" ಅಂದ. ಮುಗಿಸದಿದ್ದರೂ ಅನ್ನುತ್ತಿದ್ದಾರಲ್ಲ ಎಂದು ಮನಸ್ಸಿನಲ್ಲೇ ಅಂದುಕೊಂಡೆ.

ಈ ಯಂತ್ರ ನಮ್ಮ ಮನೆಗೆ ಬಂದ ವರ್ಷ ಚೈತ್ರ ಹತ್ತನೇ ತರಗತಿ. ಅವಳಪ್ಪ ಬೆಂಗಳೂರಿನ ಭಾನುವಾರದ ಸಂತೆಯಲ್ಲಿ ಯಾರೋ ಆಡಿ ಬಿಟ್ಟ ಈ ಯಂತ್ರವನ್ನು ತಂದುಕೊಟ್ಟಿದ್ದರು. ಅವಳು ಪುಸ್ತಕ ಬಿಟ್ಟು ಇದನ್ನೇ ಹಿಡಿದು ಕೂತಳು. ನನ್ನ ನಾದಿನಿ ಸುಜಾತಕ್ಕ ಬಸ್ಸು ಹತ್ತಿ ಬಂದು ಅದನ್ನು ಅತ್ತೆಯ ಕೈಗೆ ಕೊಟ್ಟರು. "ಅಮ್ಮ, ಇವಳ ಪರೀಕ್ಷೆ ಮುಗಿಯೋವರ್ಗೂ ಇಟ್ಕೊ. ಯಾರಿಗೂ ಕೊಡ್ಬೇಡ. ನಾನೇ ಇವಳನ್ನ ಕರ್ಕೊಂಡ್ಬಂದು ತಗೊಂಡು ಹೋಗ್ತೀನಿ." ಅತ್ತೆ ಅದನ್ನು ಅಕ್ಕಿಯ ಡಬ್ಬದಲ್ಲಿ ಇಟ್ಟರು. ಮುನಿರಾಜು ಅದನ್ನು ತೆಗೆಯಲು ಎಷ್ಟು ಹೊತ್ತಾದೀತು ಹೇಳಿ.

ಯಂತ್ರದಲ್ಲಿ ಬೇರೆ ಬೇರೆಯವರು ತಂತಮ್ಮ ಆಟ ಆಡಿಕೊಳ್ಳಲು ಬೇರೆ ಬೇರೆ ಮನೆಗಳಿದ್ದವು. ಮೊದಲ ಮನೆಯಲ್ಲಿ ಚೈತ್ರಳ ಹೆಸರು, ಅದರ ಪಕ್ಕ ಸಣ್ಣದೊಂದು ಕಿರೀಟ. ಅವಳು ಆಟವನ್ನು ಪೂರ್ತಿ ಗೆದ್ದಿದ್ದಳು. ಕಿರೀಟವನ್ನು ಕಂಡೇ ಮುನಿರಾಜುವಿಗೆ ಆಸೆ ಹುಟ್ಟಿದ್ದು. ಆದರೆ ಆಟದ ತುಂಬ ಇಂಗ್ಲಿಷು. ಯಂತ್ರವನ್ನು ಟವೆಲ್ಲಿನಲ್ಲಿ ಮುಚ್ಚಿಕೊಂಡು ಅಡುಗೆಮನೆಗೆ ಬಂದ. "ಅತ್ತಿಗೆ, ನೀವು ಓದಿ ಹೇಳಿ. ನಾನು ಆಡ್ತೀನಿ." ಆಗ ನನಗೆ ಶಾಲೆಯ ಕೆಲಸ ಸಿಕ್ಕಿರಲಿಲ್ಲ. ಬಿ.ಎ. ಓದಿ ಆ ಮನೆಯಲ್ಲಿ ನಾನು ಇಂಗ್ಲಿಷಿನಲ್ಲಿ ಓದುತ್ತಿದ್ದದ್ದು ಬ್ಲೀಚಿಂಗ್ ಪೌಡರಿನ ಪ್ಯಾಕೆಟ್ಟನ್ನು ಮಾತ್ರ. ಸರಿ ಅಂದೆ.

ಆಟ ಹೀಗೆ. ಕಾಡಿನಲ್ಲಿ ಥರಾವರಿ ಪ್ರಾಣಿಗಳಿರುತ್ತವೆ, ಭೂತದಂಥವು, ಅರ್ಧ ಕಲ್ಲು ಅರ್ಧ ಎತ್ತು ಅಂಥವು. ಅವನ್ನು ಹಿಡಿದು, ಸಾಕಿ, ಬೇರೆಯವರ ಪ್ರಾಣಿಗಳ ಮೇಲೆ ಕಾದಾಟಕ್ಕೆ ಬಿಡಬೇಕು. ಗೆದ್ದಷ್ಟೂ ಅವಕ್ಕೆ ಬಲ ಬರುತ್ತದೆ. ಸೋತ ಪ್ರಾಣಿಗೆ ಇಂಗ್ಲಿಷಿನಲ್ಲಿ ಏನೋ ಅಂದಿದ್ದರು, ನಾನದನ್ನು "ತಲೆ ತಿರುಗಿ ಬಿತ್ತು" ಅಂದೆ. "ಸಾಯಲ್ವಾ?" ಎಂದು ಕೇಳಿದ. "ಇಲ್ಲ, ಆಸ್ಪತ್ರೆಗೆ ತೋರ್ಸಿದ್ರೆ ಏಳುತ್ತಂತೆ." "ಒಳ್ಳೇ ಊರು ಬಿಡಿ" ಅಂದ. ಹುಳಕ್ಕೆ ರೋಗ ಬಂದು ಒಂದು ಬೆಳೆಗೆ ಬೆಳೆಯೇ ತಿಪ್ಪೆಗೆ ಸುರಿದದ್ದನ್ನು ನೋಡಿದ್ದವನು ಅವನು.

ಅವನು ಹಿಡಿದ ಮೊದಲ ಪ್ರಾಣಿ ಒಂದು ಹುಳ. ದಪ್ಪಗೆ, ಬೆಳ್ಳಗೆ, ತಲೆಯ ಮೇಲೆ ಹಳದಿ ಬೊಟ್ಟು. ಬೇರೆ ಯಾರಾದರೂ ಆಗಿದ್ದರೆ ಹುಲಿಯನ್ನೋ ಬೆಂಕಿಯುಗುಳುವ ಇನ್ನೇನನ್ನೋ ಹುಡುಕುತ್ತಿದ್ದರು. ಇವನಿಗೆ ಹುಳವೇ ಕಣ್ಣಿಗೆ ಬಿತ್ತು. ಬಂಗಾರಿ ಎಂದು ಹೆಸರಿಟ್ಟ. ಅದಕ್ಕೆ ಗೊತ್ತಿದ್ದದ್ದು ಎರಡೇ ವಿದ್ಯೆ, ತಲೆಯಿಂದ ಗುದ್ದುವುದು ಮತ್ತು ಎದುರಾಳಿಯ ಕಾಲಿಗೆ ನೂಲು ಸುತ್ತುವುದು. ಆಮೇಲೆ ಕಲ್ಲಿನ ಎತ್ತು ಸಿಕ್ಕಿತು, ಗಿಡುಗದಂಥ ಒಂದು ಹಕ್ಕಿ ಸಿಕ್ಕಿತು. ಆದರೂ ಪ್ರೀತಿಯೆಲ್ಲ ಬಂಗಾರಿಯ ಮೇಲೆ.

ಈಗ ನಾವು ಮಾಡಿದ ತಪ್ಪಿನ ವಿಷಯ. ಸ್ವಲ್ಪ ಬಲ ಬಂದ ಮೇಲೆ ಒಂದು ದಿನ ಪರದೆ ಮಿಣಮಿಣ ಮಿನುಗಿತು. ನಾನು ಓದಿದೆ. "ಬಂಗಾರಿ ಬದಲಾಗ್ತಿದೆಯಂತೆ. ಗೂಡಾಗುತ್ತಂತೆ. ಬೇಡ ಅಂದ್ರೆ ಈ ಗುಂಡಿ ಒತ್ಬೇಕಂತೆ." ಮುನಿರಾಜು ಮೈಗೆ ಬೆಂಕಿ ಬಿದ್ದವನ ಹಾಗೆ, "ನಿಲ್ಸಿ ಅತ್ತಿಗೆ, ನಿಲ್ಸಿ" ಅಂದ. ನಾನೂ ಹಿಂದುಮುಂದು ನೋಡದೆ ಒತ್ತಿದೆ. ನಮಗಿಬ್ಬರಿಗೂ ಅದರಲ್ಲಿ ಸಂದೇಹವೇ ಬರಲಿಲ್ಲ. ನಮ್ಮ ಮನೆಯಲ್ಲಿ ಗೂಡು ಕಟ್ಟಿದರೆ ಹುಳದ ಕಥೆ ಮುಗಿಯಿತು. ಗೂಡು ಬಿಡಿಸಿ, ಚೀಲಕ್ಕೆ ತುಂಬಿ, ಮಾರುಕಟ್ಟೆಗೆ ಕಳಿಸಿದರೆ ಮುಂದೆ ಬಿಸಿನೀರಿನ ಬಾಣಲೆ. ಒಳಗಿನಿಂದ ಚಿಟ್ಟೆ ಬರುತ್ತದೆ ಎನ್ನುವುದು ಪುಸ್ತಕದಲ್ಲಿ ಓದಿದ್ದ ಮಾತು. ಮೂಲೆಯಲ್ಲಿ ಮರೆತುಹೋದ ಗೂಡು ಯಾವಾಗಲಾದರೂ ಒಡೆದು ಚಿಟ್ಟೆ ಬಂದರೆ ಅತ್ತೆ "ತೂತು ಗೂಡು, ತೆಗೆದು ಬಿಸಾಕು" ಅನ್ನುತ್ತಿದ್ದರು. ನೂಲು ತೆಗೆಯಲು ಬಾರದ್ದು, ಕೆಟ್ಟುಹೋದದ್ದು ಎಂದು ಲೆಕ್ಕ. ಹೀಗಾಗಿ ಪರದೆ ಮಿನುಗಿದಾಗಲೆಲ್ಲ ನಾವು ಬಂಗಾರಿಯನ್ನು ಗೂಡಾಗದಂತೆ ಕಾಪಾಡಿದೆವು. ಅಂಥ ದೊಡ್ಡ ಬಲದ ಹುಳ ಆ ಆಟದಲ್ಲಿ ಬೇರೆ ಯಾರ ಹತ್ತಿರವೂ ಇದ್ದಿರಲಾರದು.

ಹುಳಗಳ ಜ್ವರದ ಬಿಡುವಿನಲ್ಲಿ ಆಟ ಮುಂದುವರಿಯಿತು. ಒಂದು ಬೆಳೆ ಮುಗಿದು ಇನ್ನೊಂದು ಬೆಳೆ ಶುರುವಾಗುವಷ್ಟರಲ್ಲಿ ನಾವು ಕೊನೆಯ ಬೆಟ್ಟಕ್ಕೆ ಬಂದಿದ್ದೆವು. ಬೆಟ್ಟದ ಮೇಲೊಂದು ಅರಮನೆ. ಒಳಗೆ ಮೂವರು ಕಾವಲುಗಾರರು, ಅವರಾಚೆ ರಾಣಿ. ಮೊದಲನೆಯವನದು ನೀರಿನ ಪ್ರಾಣಿಗಳು, ಎರಡನೆಯ ಮುದುಕನದು ಕಲ್ಲಿನವು, ಮೂರನೆಯವನದು ಮಿಂಚಿನವು. ರಾಣಿ ಕಪ್ಪು ಉಡುಪಿನವಳು. ಮುನಿರಾಜು ಅವಳನ್ನು ಕರೀ ರಾಣಿ ಎನ್ನುತ್ತಿದ್ದ. ಸೊಂಟದ ಮೇಲೆ ಕೈಯಿಟ್ಟು ನಿಂತ ಭಂಗಿ ನೋಡಿದರೆ ನನಗೆ ನಮ್ಮತ್ತೆಯ ನೆನಪಾಗುತ್ತಿತ್ತು, ಅದನ್ನು ಅವನಿಗೆ ಹೇಳಿರಲಿಲ್ಲ. ಅವಳ ಕೊನೆಯ ಪ್ರಾಣಿಗೆ ಹಾವಿನ ಮೈ, ನವಿಲಿನ ಬಾಲ.

ಆ ಅರಮನೆಯ ನಿಯಮ ಒಂದಿದೆ, ಅದನ್ನು ನೀವು ನೆನಪಿಟ್ಟುಕೊಳ್ಳಬೇಕು. ಬೇರೆ ಕಡೆಗಳಲ್ಲಿ ಆಟವನ್ನು ಎಲ್ಲಿ ಬೇಕಾದರೂ ಉಳಿಸಿಟ್ಟು ನಾಳೆ ಅಲ್ಲಿಂದಲೇ ಮುಂದುವರಿಸಬಹುದು. ಅರಮನೆಯ ಒಳಗೆ ಹೋದ ಮೇಲೆ ಉಳಿಸುವ ಹಾಗಿಲ್ಲ. ನಾಲ್ವರನ್ನೂ ಒಂದೇ ಉಸಿರಿಗೆ ಗೆಲ್ಲಬೇಕು. ಸೋತರೆ, ಅಥವಾ ನಡುವೆ ಯಂತ್ರ ಆರಿಹೋದರೆ, ಒಳಗೆ ನಡೆದದ್ದೆಲ್ಲ ಸುಳ್ಳಾಗಿ ಮತ್ತೆ ಬಾಗಿಲ ಹೊರಗೇ ನಿಂತಿರುತ್ತೇವೆ.

ಎಷ್ಟು ಸಲ ಹೊರಗೆ ಬಂದು ನಿಂತೆವೋ ಲೆಕ್ಕವಿಲ್ಲ. ಮೂವರನ್ನು ಹೇಗೋ ದಾಟುತ್ತಿದ್ದೆವು, ರಾಣಿಯ ಮುಂದೆ ಮಕಾಡೆ ಬೀಳುತ್ತಿದ್ದೆವು. ಬಂಗಾರಿ ನೂಲು ಸುತ್ತುವಷ್ಟರಲ್ಲಿ ಆ ಹಾವು ಬಾಲ ಬೀಸುತ್ತಿತ್ತು, ಅಲ್ಲಿಗೆ ಆಯಿತು. ಇದು ಮುಕ್ಕಾಲಿನ ಜಾಗ, ಇವನು ಈಗ ಬಿಡುತ್ತಾನೆ ಎಂದು ನಾನು ಕಾದೆ. ಬಿಡಲಿಲ್ಲ. ಒಂದು ದಿನ ಹುಳಕ್ಕೆ ಸೊಪ್ಪು ಕತ್ತರಿಸುತ್ತ, ತಲೆ ಎತ್ತದೆ, "ಅತ್ತಿಗೆ, ಇದೊಂದಾದ್ರೂ ಮುಗಿಸ್ಬೇಕು ನಾನು" ಅಂದ. ತಮಾಷೆಯ ಮಾತಿನ ಹಾಗೆ ಕೇಳಿಸಲಿಲ್ಲ. "ಯಾಕಪ್ಪ, ಇದ್ರಲ್ಲೇನಿದೆ?" ಅಂದೆ. "ಇದನ್ನ ಯಾರೂ ನೋಡೋಕೆ ಬರಲ್ಲ. ನಂಗೊಬ್ನಿಗೆ ಗೊತ್ತಾದ್ರೆ ಸಾಕು, ನನ್ ಕೈಲಿ ಆಗುತ್ತೆ ಅಂತ." ಆ ಹೊತ್ತಿನಿಂದ ನನಗೂ ಅದು ಆಟವಾಗಿ ಉಳಿಯಲಿಲ್ಲ.

ಚೈತ್ರಳ ಪರೀಕ್ಷೆ ಮುಗಿಯಿತು. ಭಾನುವಾರ ಬರುತ್ತೇವೆಂದು ಸುಜಾತಕ್ಕ ಫೋನು ಮಾಡಿದರು. ಶನಿವಾರ ಒಂದೇ ದಿನ ಉಳಿದದ್ದು. ಬಿಸಿಲು ಜೋರಿದ್ದ ಕಾರಣ ಹುಳವೂ ನಾವು ಅಂದುಕೊಂಡದ್ದಕ್ಕಿಂತ ಮುಂಚೆ, ಅದೇ ಶನಿವಾರ ಬೆಳಿಗ್ಗೆ ಹಣ್ಣಾಯಿತು. ಮಳೆ ಸುರಿದಂತೆ ಸದ್ದು ಮಾಡುತ್ತ ಸೊಪ್ಪು ತಿನ್ನುತ್ತಿದ್ದ ಮನೆ ಇದ್ದಕ್ಕಿದ್ದಂತೆ ಸುಮ್ಮನಾಯಿತು. ಅತ್ತೆ ಸೆರಗು ಸಿಕ್ಕಿಸಿದರು. ಪಕ್ಕದ ಮನೆಯವರೂ ಬಂದರು. ಕರೆಂಟು ಬೆಳಿಗ್ಗೆಯೇ ಹೋಗಿತ್ತು.

ನಾನು ಅಷ್ಟು ಜನಕ್ಕೆ ಹುಳಿ ಮಾಡಿ ಒಗ್ಗರಣೆ ಹಾಕಿದ್ದೆ. ಹಾಗಾಗಿ ನನ್ನನ್ನು ಹೊಸಿಲಿನ ಹೊರಗೇ ನಿಲ್ಲಿಸಿದರು. ಮುನಿರಾಜು ಹುಳ ಆರಿಸುತ್ತ ಬಾಗಿಲ ಹತ್ತಿರದ ಹುಳದ ತಟ್ಟೆಗೆ ಬಂದು, ಮೆಲ್ಲಗೆ, "ಅತ್ತಿಗೆ, ಮೆಷಿನ್ನು ಕಿಟ್ಕಿ ಹತ್ರ ಇದೆ. ನಾನು ಹೇಳ್ತೀನಿ, ನೀವು ಒತ್ತಿ" ಅಂದ. ಅವನ ಕೈಗೆ ಹುಳದ ನೀರು ಮೆತ್ತಿತ್ತು, ಯಂತ್ರ ಮುಟ್ಟುವ ಹಾಗಿರಲಿಲ್ಲ. ನಾನು ಸೆರಗಿನ ಮರೆಯಲ್ಲಿ ಅದನ್ನು ತೆರೆದು ಹಿಡಿದೆ. ಹೀಗೆ ನಾವು ಕೊನೆಯ ಸಲ ಅರಮನೆಗೆ ನುಗ್ಗಿದೆವು, ಅವನು ಹೊಸಿಲಿನ ಒಳಗೆ, ನಾನು ಹೊರಗೆ.

ಮೊದಲನೆಯವನು ಸೋತ. ಪರದೆ ಮಿನುಗಲು ಶುರುವಾಯಿತು, ಬಂಗಾರಿ ಗೂಡಾಗಲು ಹೊರಟಿತ್ತು. ಅದೇ ಹೊತ್ತಿಗೆ ಅತ್ತೆ, "ಲೇ, ಆ ಚಂದ್ರಿಕೆ ಈಕಡೆ ಎತ್ಕೊಡೇ" ಎಂದು ಕೂಗಿದರು. ನಾನು ಯಂತ್ರವನ್ನು ಕಿಟಕಿಯಲ್ಲಿಟ್ಟು, ಗೋಡೆಗೆ ಒರಗಿಸಿದ್ದ ಚಂದ್ರಿಕೆ ಎತ್ತಿಕೊಟ್ಟು ತಿರುಗಿ ನೋಡಿದರೆ ಬಂಗಾರಿ ಇಲ್ಲ. ಅದರ ಜಾಗದಲ್ಲಿ ಒಂದು ಗೂಡು. ಗೂಡಿಗೆ ಎರಡು ಕಣ್ಣು ಬೇರೆ. ಮುನಿರಾಜುವಿಗೆ ತೋರಿಸಿದೆ. "ಹೋಯ್ತು ಬಿಡಿ" ಅಂದ. ನನಗೆ ಅಳು ಬಂದಿತ್ತು. ಒಂದು ಆಟದ ಹುಳಕ್ಕೆ ಅಳುವಷ್ಟು ಎಳಸಾಗಿದ್ದೆನೇ ಎಂದು ಈಗ ಅನ್ನಿಸುತ್ತದೆ.

ಎತ್ತು ಮತ್ತು ಗಿಡುಗ ಸೇರಿ ಎರಡನೆಯವನನ್ನು ಹೇಗೋ ಕೆಡವಿದವು. ಮತ್ತೆ ಪರದೆ ಮಿನುಗಿತು. "ಮುನಿರಾಜ, ಗೂಡು ಬದಲಾಗ್ತಿದೆ. ನಿಲ್ಲಿಸ್ಲಾ?"

ಅವನ ಅಂಗೈಯಲ್ಲಿ ಒಂದು ಹಣ್ಣಾದ ಹುಳ ತಲೆ ಎತ್ತಿ ಅತ್ತಿತ್ತ ಆಡಿಸುತ್ತಿತ್ತು. "ಗೂಡಾದ್ಮೇಲೆ ಇನ್ನೇನಾಗೋದಿದೆ ಅತ್ತಿಗೆ?"

"ಪುಸ್ತಕದ ಪ್ರಕಾರ ಚಿಟ್ಟೆ ಆಗ್ಬೇಕು."

"ತೂತು ಗೂಡು" ಅಂದ. ಹುಳವನ್ನು ಚಂದ್ರಿಕೆಯ ಸುತ್ತಿನೊಳಗೆ ಬಿಟ್ಟ. ಅದು ಜಾಗ ಹಿಡಿದು ಕೂರುವ ತನಕ ನೋಡಿದ. "ಆಗ್ಲಿ ಬಿಡಿ. ಅದೇನು ಮಾರ್ಕೆಟ್ಟಿಗೆ ಹೋಗ್ಬೇಕಾ."

ನಾನು ಗುಂಡಿ ಒತ್ತಲಿಲ್ಲ. ಪರದೆ ಬೆಳ್ಳಗಾಗಿ, ಬಂಗಾರಿ ರೆಕ್ಕೆ ಬಿಚ್ಚಿತು. ಪರದೆಯ ಈ ತುದಿಯಿಂದ ಆ ತುದಿಯ ತನಕ ರೆಕ್ಕೆ. ಹುಳವಾಗಿದ್ದಾಗ ಕೂಡಿಟ್ಟ ಬಲವೆಲ್ಲ ಒಟ್ಟಿಗೆ ಬಂದಿತ್ತೆಂದು ಕಾಣುತ್ತದೆ. ಮೂರನೆಯವನ ಪ್ರಾಣಿಗಳು ಒಂದೊಂದೇ ಏಟಿಗೆ ತಲೆ ತಿರುಗಿ ಬಿದ್ದವು. ಇಷ್ಟು ದಿನ ನಾವು ಏನನ್ನು ತಡೆದು ಕೂತಿದ್ದೆವು ಎನ್ನುವುದು ಆಗ ಗೊತ್ತಾಯಿತು.

ರಾಣಿಯ ಬಾಗಿಲು ತೆರೆಯಿತು. ಯಂತ್ರದ ಮೂಲೆಯಲ್ಲಿ ಕೆಂಪು ದೀಪ ಹತ್ತಿ ಆರಿ ಮಾಡುತ್ತಿತ್ತು. "ಬ್ಯಾಟ್ರಿ ಮುಗೀತಿದೆ" ಅಂದೆ. "ಇದನ್ನ ನಾನೇ ಆಡ್ಬೇಕು ಅತ್ತಿಗೆ" ಅಂದ. ಆದರೆ ತಟ್ಟೆಯ ತುಂಬ ಹಣ್ಣಾದ ಹುಳ. ಆ ದಿನ ಆ ಮನೆಯಿಂದ ಎದ್ದು ಹೋಗುವ ಮಾತೇ ಇಲ್ಲ. ಅವನು ತಟ್ಟೆಯನ್ನು ನೋಡಿದ, ಯಂತ್ರವನ್ನು ನೋಡಿದ, ತಲೆ ತಗ್ಗಿಸಿ ಮತ್ತೆ ಹುಳ ಆರಿಸಲು ಶುರುಮಾಡಿದ. ಬಿಟ್ಟ, ಇಲ್ಲೂ ಮುಕ್ಕಾಲಿಗೇ ಬಿಟ್ಟ ಎಂದುಕೊಂಡೆ.

ಅತ್ತೆ ಯಾವಾಗಿನಿಂದ ನೋಡುತ್ತಿದ್ದರೋ ಗೊತ್ತಿಲ್ಲ. ಅಕ್ಕಿಯ ಡಬ್ಬದಿಂದ ಯಂತ್ರ ಕಾಣೆಯಾದದ್ದು ಅವರಿಗೆ ಮೊದಲ ದಿನವೇ ಗೊತ್ತಿತ್ತು ಎಂದು ಆಮೇಲೆ ತಿಳಿಯಿತು. ಬಂದು ಮಗನ ಮುಂದಿದ್ದ ತಟ್ಟೆಯನ್ನು ತಮ್ಮ ಕಡೆಗೆ ಎಳೆದುಕೊಂಡರು. ಅವರಿಗೆ ಕೋಪ ಬಂದರೂ ಮಮತೆ ಬಂದರೂ ತೆಲುಗು ಬರುತ್ತಿತ್ತು. "ಪೋರಾ. ಮುಗಿಂಚುಕೊನಿ ರಾ" ಅಂದರು. ಹೋಗೋ, ಮುಗಿಸಿಕೊಂಡು ಬಾ ಎಂದು. ಮುನಿರಾಜು ಅಲ್ಲಾಡಲಿಲ್ಲ. "ಹೋಗು ಅಂದ್ನಲ್ಲ. ನಾನಿಲ್ವಾ ಇಲ್ಲಿ." ನನ್ನ ಕಡೆ ತಿರುಗಿ, "ನೀನು ತಲೆಗೆ ನೀರು ಹಾಕ್ಕೊಂಡು ಬಂದು ಇವನ ಜಾಗಕ್ಕೆ ನಿಂತ್ಕೊ" ಅಂದರು.

ಅವನು ಕೈ ತೊಳೆದು, ಯಂತ್ರ ತೆಗೆದುಕೊಂಡು, ಹಿತ್ತಲ ಹೊಂಗೆ ಮರದ ಕಡೆಗೆ ಹೋದ. ನಾನು ಸ್ನಾನ ಮಾಡಿ ಬಂದು ಅವನ ಜಾಗದಲ್ಲಿ ನಿಂತು ಹುಳ ಆರಿಸಿದೆ. ಕಿವಿಯೆಲ್ಲ ಹಿತ್ತಲಿನ ಕಡೆಗೇ ಇತ್ತು. ಸ್ವಲ್ಪ ಹೊತ್ತಿಗೆ ಬಂದ. ಕಾಲು ತೊಳೆದು ಒಳಗೆ ಬಂದು ತಾಯಿಯ ಪಕ್ಕ ನಿಂತ.

"ಮುಗೀತೇನೋ?"

"ಮುಗೀತಮ್ಮ."

"ಸರಿ. ಆ ತಟ್ಟೆ ಹಿಡ್ಕೊ."

ಅಷ್ಟೇ ಮಾತು. ಸಂಜೆ ಹಾಲು ತರುವವಳಿಗೆ ಅತ್ತೆ, "ನಮ್ಮ ಮುನಿರಾಜ ಅದೇನೋ ಮೆಷಿನ್ನಲ್ಲಿ ಯಾವಳೋ ರಾಣಿನ ಸೋಲ್ಸಿದ್ನಂತೆ" ಎಂದು ಹೇಳುತ್ತಿದ್ದರು. ಆವತ್ತಿನಿಂದ ಅವರ ಬಾಯಲ್ಲಿ ಮುಕ್ಕಾಲು ಎನ್ನುವ ಮಾತು ಬರಲಿಲ್ಲ. ಅವರು ನಿಲ್ಲಿಸಿದ ಮೇಲೆ ಊರೂ ಮೆಲ್ಲಗೆ ನಿಲ್ಲಿಸಿತು. ಕಾಂಪೌಂಡಿನ ನಾಲ್ಕನೇ ಕಡೆ ಮಾತ್ರ ಹಾಗೇ ಇತ್ತು. ಮೇಕೆಗಳು ಬರುತ್ತಲೇ ಇದ್ದವು, ಅತ್ತೆ ಅವನ್ನು ಓಡಿಸುತ್ತ ಗೋಡೆಯ ಮಾತನ್ನೇ ಎತ್ತುತ್ತಿರಲಿಲ್ಲ.

ಭಾನುವಾರ ಚೈತ್ರ ಬಂದು ಯಂತ್ರ ತೆಗೆದುಕೊಂಡು ಹೋದಳು. ಆ ಬೆಳೆಯಲ್ಲಿ ಮುನಿರಾಜು ಒಂದು ಗೂಡನ್ನು ಮಾರುಕಟ್ಟೆಗೆ ಕಳಿಸದೆ ಕಿಟಕಿಯಲ್ಲಿ ಇಟ್ಟುಕೊಂಡ. ಒಂದು ಬೆಳಿಗ್ಗೆ ಗೂಡು ಒದ್ದೆಯಾಗಿ, ತೂತಾಗಿ, ಚಿಟ್ಟೆ ಹೊರಗೆ ಬಂತು. ನಾವೆಲ್ಲ ಹೋಗಿ ನೋಡಿದೆವು. ರೆಕ್ಕೆ ಪಟಪಟ ಬಡಿಯಿತು, ಇದ್ದಲ್ಲೇ ಸುತ್ತಿತು. "ಹಾರಲ್ವಾ ಅತ್ತಿಗೆ ಇದು?" ಎಂದು ಕೇಳಿದ. ರೇಷ್ಮೆ ಚಿಟ್ಟೆ ಹಾರುವುದಿಲ್ಲ, ಏನೂ ತಿನ್ನುವುದೂ ಇಲ್ಲ ಎಂದು ನಾನು ಓದಿದ್ದೆ, ಹೇಳಿದೆ. ಅತ್ತೆ ಬಹಳ ಹೊತ್ತು ಅಲ್ಲೇ ಕೂತಿದ್ದರು. "ಇಷ್ಟು ವರ್ಷ ಸಾಕಿದೀನಿ. ಹಿಂಗೆ ಕೂತ್ಕೊಂಡು ಇದ್ರ ಮುಖ ನೋಡಿರ್ಲಿಲ್ಲ" ಅಂದರು. ಬಿಸಾಕು ಎಂದು ಹೇಳಲಿಲ್ಲ.

ಆಮೇಲೆ ಮುನಿರಾಜು ಚಾಕಿ ಕೇಂದ್ರ ಶುರುಮಾಡಿದ. ಚಾಕಿ ಎಂದರೆ ಮೊಟ್ಟೆಯಿಂದ ಆಗ ತಾನೇ ಹೊರಬಂದ ಮರಿಹುಳಗಳನ್ನು ಎರಡನೇ ಜ್ವರದ ತನಕ ಸಾಕಿ, ಮುಂದಕ್ಕೆ ಬೇರೆ ರೈತರಿಗೆ ಕೊಟ್ಟುಬಿಡುವುದು. ಅರ್ಧಕ್ಕೆ ಬಿಡುವುದೇ ಅಲ್ಲಿ ಕಸುಬು. ಅದರಲ್ಲಿ ಅವನು ಒಳ್ಳೆಯ ಹೆಸರು ಮಾಡಿದ. ನನಗೆ ಮಂಡಿಕಲ್ ಕಡೆಯ ಶಾಲೆಯಲ್ಲಿ ಕೆಲಸವಾಗಿ ನಾವು ಚಿಕ್ಕಬಳ್ಳಾಪುರಕ್ಕೆ ಬಂದೆವು. ಅತ್ತೆ ಕೊನೆಯ ತನಕ ಮುನಿರಾಜುವಿನ ಜೊತೆಯಲ್ಲೇ ಇದ್ದರು, ಅವನ ಕೈಯಿಂದಲೇ ಔಷಧಿ ಕುಡಿಯುತ್ತಿದ್ದರು. ಅವರು ಹೋಗಿಯೂ ಕೆಲವು ವರ್ಷವಾಯಿತು.

ಇನ್ನು ಮೇಜಿನ ಮೇಲಿನ ಯಂತ್ರ. ಪರದೆ ಬೆಳಗಿತು. ಮೊದಲ ಮನೆಯಲ್ಲಿ ಚೈತ್ರಳ ಹೆಸರು, ಪಕ್ಕದಲ್ಲಿ ಕಿರೀಟ. ಎರಡನೆಯದರಲ್ಲಿ ಮುನಿರಾಜುವಿನ ಹೆಸರು. ಪಕ್ಕದಲ್ಲಿ ಏನೂ ಇಲ್ಲ. ಕನ್ನಡಕ ಒರೆಸಿಕೊಂಡು ನೋಡಿದೆ. ಒಳಗೆ ಹೋದೆ. ಅರಮನೆಯ ಬಾಗಿಲ ಹೊರಗೆ ನಮ್ಮ ಗೊಂಬೆ ನಿಂತಿತ್ತು. ಪ್ರಾಣಿಗಳನ್ನು ತೆರೆದು ನೋಡಿದೆ. ಎತ್ತು, ಗಿಡುಗ, ಬಂಗಾರಿ. ಬಂಗಾರಿ ಹುಳವಾಗಿಯೇ ಇತ್ತು. ದಪ್ಪಗೆ, ಬೆಳ್ಳಗೆ, ತಲೆಯ ಮೇಲೆ ಹಳದಿ ಬೊಟ್ಟು.

ಮುಚ್ಚಳ ಮುಚ್ಚಿಟ್ಟೆ. ಫೋನು ಮಾಡಿ ಕೇಳುವ ಮಾತಲ್ಲ ಅನ್ನಿಸಿತು. ಮುಂದಿನ ಭಾನುವಾರ ಮುನಿರಾಜು ತನ್ನ ಕೇಂದ್ರಕ್ಕೆ ಏನೋ ಸಾಮಾನು ಕೊಳ್ಳಲು ಚಿಕ್ಕಬಳ್ಳಾಪುರಕ್ಕೆ ಬಂದವನು ಮನೆಗೂ ಬಂದ. ತಲೆ ಅರ್ಧ ನರೆತಿದೆ ಈಗ. ಕಾಫಿಯ ಜೊತೆ ಯಂತ್ರವನ್ನೂ ತೆರೆದು ಮುಂದಿಟ್ಟೆ.

"ಬಂಗಾರಿ ಇನ್ನೂ ಹುಳಾನೇ ಇದೆ" ಅಂದೆ.

ಅವನು ಲೋಟ ಎತ್ತಿಕೊಂಡು, ಊದಿ, ಒಂದು ಗುಟುಕು ಕುಡಿದ. "ಗೊತ್ತು ಅತ್ತಿಗೆ. ಹಾವೊಂದು ಉಳ್ಕೊಂಡಿತ್ತು, ಅಷ್ಟೇ. ಇನ್ನೊಂದೇಟು. ಅಷ್ಟೊತ್ತಿಗೆ ಮೆಷಿನ್ನು ಆರೋಯ್ತು."

"ಮತ್ತೆ ಅತ್ತೆ ಹತ್ರ ಮುಗೀತು ಅಂದೆ?"

"ಹಣ್ಣಾದ ಹುಳ ಬಿಟ್ಟು ಎದ್ದೋಗು ಅಂದ್ಲು ಅಮ್ಮ. ಅವಳ ಜೀವಮಾನದಲ್ಲಿ ಯಾರಿಗೂ ಅಂದಿರ್ಲಿಲ್ಲ." ಲೋಟವನ್ನು ಕೆಳಗಿಟ್ಟ. "ವಾಪಸ್ ಬಂದು ಏನಂತ ಹೇಳ್ಲಿ? ಅವಳಿಗೆ ಹೇಳಿದ್ಮೇಲೆ ದಿನಾ ಅದನ್ನ ನಿಜ ಮಾಡ್ಬೇಕಾಯ್ತು. ಚಾಕಿ ಮನೆ ಮಾಡಿದ್ದೂ ಅದಕ್ಕೇ."

ನಾನು ಇಷ್ಟು ವರ್ಷ ಅವನನ್ನು ಒಂದು ಗೆಲುವು ನೇರ ಮಾಡಿತು ಎಂದು ತಿಳಿದಿದ್ದೆ, ಹಾಗೆಂದು ನಾಲ್ಕು ಜನಕ್ಕೆ ಹೇಳಿಯೂ ಇದ್ದೆ. ಶಾಲೆಯಲ್ಲಿ ಮಕ್ಕಳಿಗೂ ಹೇಳಿದ್ದೇನೆ. ಈಗ ಅವರಿಗೆ ಏನು ಹೇಳಬೇಕೋ ಗೊತ್ತಿಲ್ಲ, ಮತ್ತೆ ಪೀಠಿಕೆಯಿಂದ ಶುರುಮಾಡಬೇಕು.

ಯಂತ್ರವನ್ನು ಅವನ ಕಡೆಗೆ ಸರಿಸಿದೆ. "ತಗೊ. ನಾನು ಓದ್ತೀನಿ" ಅಂದೆ. "ಬೇಡ ಅತ್ತಿಗೆ, ಕೈಯೆಲ್ಲ ಮರ್ತೋಗಿದೆ" ಎನ್ನುತ್ತಲೇ ತೆಗೆದುಕೊಂಡ. ಮರೆತೇ ಹೋಗಿತ್ತು. ಮೊದಲನೆಯವನ ಹತ್ತಿರವೇ ಸೋತು ಹೊರಗೆ ಬಂದು ನಿಂತೆವು. ಮತ್ತೆ ಹೋದೆವು. ಈ ಸಲ ಮೊದಲನೆಯವನು ಬಿದ್ದ. ಪರದೆ ಮಿಣಮಿಣ ಮಿನುಗಿತು.

"ಬಂಗಾರಿ ಗೂಡಾಗುತ್ತಂತೆ. ನಿಲ್ಲಿಸ್ಬೇಕಾ?" ಎಂದು ಓದಿದೆ.

"ಬೇಡ" ಅಂದ ಮುನಿರಾಜು. ನಾನು ಎದ್ದು, ವೈರು ಗೋಡೆಗೆ ಸರಿಯಾಗಿ ಸಿಕ್ಕಿದೆಯೇ ಎಂದು ಒಮ್ಮೆ ಒತ್ತಿ ನೋಡಿ ಬಂದು ಅವನ ಪಕ್ಕ ಕೂತೆ.